ರೈಲ್ವೆ ಎಂದರೆ ಹಿಮ್ಮಡಿ ಎತ್ತುವುದು

ಇವತ್ತು ಬೆಳಿಗ್ಗೆ ಚಿಕ್ಕಬಾಣಾವರದ ಪ್ಲಾಟ್‌ಫಾರ್ಮಿನಲ್ಲಿ ಯಜಮಾನರೊಬ್ಬರು ಊಟದ ಡಬ್ಬಿ ಎದೆಗವಚಿಕೊಂಡು, ಹಿಮ್ಮಡಿ ಎತ್ತಿ, ಕತ್ತು ಉದ್ದ ಮಾಡಿ ರೈಲು ಬರುವ ದಿಕ್ಕು ನೋಡುತ್ತಿದ್ದರು. ನನಗೆ ನಗು ತಡೆಯಲಾಗಲಿಲ್ಲ. ಅವರು ತಿರುಗಿ ದುರುಗುಟ್ಟಿದರು. ನಾನು ನಕ್ಕದ್ದು ಅವರನ್ನು ನೋಡಿ ಅಲ್ಲ, ನನ್ನ ಕಿವಿಯ ಘನಕಾರ್ಯವನ್ನು ನೆನೆದು. ಆ ಕಥೆ ಹೇಳುತ್ತೇನೆ ಕೇಳಿ, ಹೇಗೂ ರೈಲು ಲೇಟು.

ನನ್ನ ಮಗಳು ಸಿಂಚನಾ ಬ್ಯಾಲೆ ಕಲಿಯುತ್ತೇನೆಂದು ಹಟ ಹಿಡಿದಾಗ ಅದೇನೆಂದು ಮನೆಯಲ್ಲಿ ಯಾರಿಗೂ ನೆಟ್ಟಗೆ ಗೊತ್ತಿರಲಿಲ್ಲ. ಮಾಕಳಿಯಿಂದ ಬಂದಿದ್ದ ನಮ್ಮತ್ತೆ, "ಬ್ಯಾಳೆ ಬೇಯ್ಸೋದು ಕಲಿಯೋಕೆ ಯಶವಂತಪುರಕ್ಕೆ ಓಗ್ಬೇಕಾ? ನಾನೇ ಏಳ್ಕೊಡ್ತೀನಿ" ಎಂದರು. ಶಾಲೆ ಇದ್ದದ್ದು ಈರುಳ್ಳಿ ಗೋಡೌನಿನ ಮಹಡಿಯಲ್ಲಿ. ಅದನ್ನು ನಡೆಸುತ್ತಿದ್ದುದು ಒಂದು ನೃತ್ಯ ಕಂಪನಿ. ಚೆನ್ನಾಗಿ ಪಳಗಿದ ಮಕ್ಕಳನ್ನು ಕಂಪನಿಯೇ ಸಂಬಳ ಕೊಟ್ಟು ತನ್ನ ತಂಡಕ್ಕೆ ಸೇರಿಸಿಕೊಳ್ಳುತ್ತಿತ್ತು. ಸಿಂಚನಾಳ ಕಣ್ಣು ಆ ತಂಡದ ಮೇಲೆ. ನನ್ನ ಕಣ್ಣು ಕೆಳಗಿನ ಈರುಳ್ಳಿಯ ಮೇಲೆ.

ಮೊದಲ ದಿನ ನಾನು ಬಾಗಿಲಾಚೆ ಬೆಂಚಿನ ಮೇಲೆ ಕೂತಿದ್ದೆ. ಒಳಗೆ ಟೀಚರ್ "ರೈಲ್ವೆ!" ಎಂದು ಕೂಗಿದರು. ಪಿಯಾನೋ ನಿಂತಿತು. ಹೊರಗೆ ನಿಜಕ್ಕೂ ಒಂದು ಗಾಡಿ ಧಡಧಡ ಹೋಗುತ್ತಿತ್ತು. ಸದ್ದಿಗೆ ಪಾಠ ನಿಲ್ಲಿಸಿದ್ದಾರೆ ಅಂದುಕೊಂಡ ನಾನು, ಅದು ದಾಟಿದ ಮೇಲೆ ಬಾಗಿಲಲ್ಲಿ ತಲೆ ಹಾಕಿ, "ಮೇಡಂ, ರೈಲು ಹೋಯ್ತು, ಶುರು ಮಾಡ್ಕೊಳ್ಳಿ" ಎಂದೆ. ಕಾಲ್ಬೆರಳ ಮೇಲೆ ನಿಂತಿದ್ದ ಹುಡುಗಿಯರೆಲ್ಲ ಪಕಪಕನೆ ನಕ್ಕು ಕೆಳಗಿಳಿದುಬಿಟ್ಟರು. ಟೀಚರ್ ಕೂಗಿದ್ದು ರೈಲ್ವೆ ಅಲ್ಲವಂತೆ, ರೆಲವೇ. ಹಿಮ್ಮಡಿ ಎತ್ತಿ ನಿಲ್ಲುವುದಕ್ಕೆ ಫ್ರೆಂಚ್ ಮಾತು.

"ಅಮ್ಮಾ, ಇನ್ಮೇಲೆ ಕೆಳಗಡೆನೇ ಕೂತ್ಕೋ, ಪ್ಲೀಸ್" ಎಂದಳು ಮಗಳು. ಕೂತೆ, ಈರುಳ್ಳಿ ಮೂಟೆಗಳ ಜೊತೆ.

ವಿಚಿತ್ರವೆಂದರೆ ಅವಳಿಗೆ ಕೈಕೊಡುತ್ತಿದ್ದುದೂ ಅದೇ ರೈಲ್ವೆ. ಗೋಡೆಯ ಕಂಬಿ ಹಿಡಿದಿರುವಾಗ ಸೊಗಸಾಗಿ ನಿಲ್ಲುವಳು. ಕೈಬಿಟ್ಟೊಡನೆ ಕಣ್ಣು ಕಾಲಿನ ಕಡೆ ಹೋಗಿ ವಾಲಿಬಿಡುವಳು. "ಕಾಲು ನೋಡ್ಬೇಡ, ದೂರ ನೋಡು" ಎಂದು ಹೇಳಿ ಹೇಳಿ ಟೀಚರ್‌ಗೆ ಸಾಕಾಗಿತ್ತು. ಕಂಪನಿಯ ಆಯ್ಕೆಯಲ್ಲೂ ಹಾಗೇ ವಾಲಿದಳು. ಇನ್ನೊಂದು ಅವಕಾಶ ಕೊಟ್ಟರು; ಅದೂ ತಪ್ಪಿದರೆ ಮತ್ತೆ ಬರುವಂತಿರಲಿಲ್ಲ. ಮನೆಯಲ್ಲಿ ಅವಳು ಎರಡೇ ತುತ್ತು ತಿಂದು ಏಳುವುದನ್ನು ನೋಡಿದರೇ ನನಗೆ ಸಂಕಟವಾಗುತ್ತಿತ್ತು.

ಎರಡನೆಯ ಆಯ್ಕೆಯ ಬೆಳಿಗ್ಗೆಯೂ ರೈಲು ಲೇಟು. ಸಿಂಚನಾ ಹೆಗಲಿಗೆ ಬ್ಯಾಗು, ಕೈಯಲ್ಲಿ ಬಾಟಲಿ ಹಿಡಿದು, ತುಮಕೂರಿನ ಕಡೆ ನೋಡುತ್ತಾ ಹಿಮ್ಮಡಿ ಎತ್ತಿ ನಿಂತಳು. ನಿಂತೇ ಇದ್ದಳು. ಒಂಚೂರೂ ಅಲುಗಾಟವಿಲ್ಲ.

"ಸಿಂಚು, ಏನೇ ಮಾಡ್ತಿದೀಯ?"

"ಕಾಣಲ್ವಾ? ರೈಲು ಬಂತಾ ಅಂತ ನೋಡ್ತಿದೀನಿ."

"ಅದೇ ಕಣೇ ನಿನ್ನ ರೈಲ್ವೆ!"

ಅವಳು ತನ್ನ ಕಾಲು ನೋಡಿಕೊಂಡಳು, ನನ್ನನ್ನು ನೋಡಿದಳು. ಯಶವಂತಪುರದವರೆಗೂ ಕಿಟಕಿಯಾಚೆ ಹಳಿಯನ್ನೇ ನೋಡುತ್ತಾ ಕೂತಳು.

ಆ ದಿನ ತಾಯಂದಿರನ್ನೂ ಒಳಗೆ ಬಿಟ್ಟಿದ್ದರು. ಸಿಂಚನಾ ಕಂಬಿಯಿಂದ ಕೈ ತೆಗೆದಳು, ಹಿಮ್ಮಡಿ ಎತ್ತಿದಳು. ಕಣ್ಣು ಕಾಲಿಗೆ ಹೋಗಲಿಲ್ಲ. ಪರೀಕ್ಷಕರ ತಲೆ ದಾಟಿ, ಗೋಡೆಯನ್ನೂ ದಾಟಿ, ತುಮಕೂರಿನ ಹಳಿಯ ಮೇಲೆ ನೆಟ್ಟಿತ್ತು. ಪಿಯಾನೋ ಮುಗಿಯಿತು. ಅವಳು ಇಳಿಯಲಿಲ್ಲ.

"ಸಾಕು ಸಿಂಚನಾ, ಇಳಿ" ಎಂದರು ಟೀಚರ್.

"ಇನ್ನೂ ರೈಲು ಬಂದಿಲ್ಲ ಮೇಡಂ!"

ಟೀಚರ್ ನನ್ನ ಕಡೆ ತಿರುಗಿ ಜೋರಾಗಿ ನಕ್ಕರು. ಸಂಜೆಗೆ ನನ್ನ ಮಗಳು ಕಂಪನಿಯ ಕಲಾವಿದೆ. ನಾನು ಮೆಟ್ಟಿಲಿಳಿದು ಗೋಡೌನಿನವರಿಗೆಲ್ಲ "ಗೆದ್ವಿ ಕಣ್ರಪ್ಪಾ, ಗೆದ್ವಿ!" ಎಂದು ಕೂಗಿದೆ. ಕಣ್ಣೀರಿಗೆ ಈರುಳ್ಳಿ ಕಾರಣವಲ್ಲ ಎಂದು ಬೇರೆ ಹೇಳಬೇಕಿಲ್ಲ.

ಇವತ್ತು ತಂಡದೊಂದಿಗೆ ಅವಳ ಮೊದಲ ಪ್ರದರ್ಶನ. ನನಗೆ ಮುಂದಿನ ಸಾಲಿನಲ್ಲೇ ಸೀಟು. ದೂರದಲ್ಲಿ ಹಾರ್ನ್ ಕೇಳಿಸಿತು. ಮಂಡಿನೋವನ್ನು ಮರೆತು, ಬ್ಯಾಗು ಕೆಳಗಿಟ್ಟು, ನಾನೂ ಹಿಮ್ಮಡಿ ಎತ್ತಿದೆ.

"ಬಂತಾ ಮೇಡಂ?" ಕೇಳಿದರು ಡಬ್ಬಿಯ ಯಜಮಾನರು.

"ಬಂತು ಕಣ್ರೀ, ಬಂತು" ಎಂದೆ. ಹಿಮ್ಮಡಿ ಮಾತ್ರ ಇಳಿಸಲಿಲ್ಲ.