ಮುಳ್ಳುಂಡೆ ಬಿಡದ ಹುಲ್ಲು

ಮೀಸೆಮಾವನಿಗೆ ಮೀಸೆ ಇರಲಿಲ್ಲ. ನರ್ಸರಿಯ ನಲ್ಲಿಯ ಪಕ್ಕದ ಕಂಬಕ್ಕೆ ಅಂಗೈಯಗಲದ ಕನ್ನಡಿ ಸಿಕ್ಕಿಸಿ, ದಿನಾ ಬೆಳಿಗ್ಗೆ ಮುಖವನ್ನು ನುಣ್ಣಗೆ ಕೆರೆದುಕೊಂಡೇ ಕೆಲಸಕ್ಕೆ ಇಳಿಯುತ್ತಿದ್ದ. ಹೆಸರು ಬಂದದ್ದು ಹುಲ್ಲಿನಿಂದ. ಕಡಲಂಚಿನ ಮರಳಿನಲ್ಲಿ ಈಟಿಯಂತೆ ಸೆಟೆದು ನಿಲ್ಲುವ ಒಂದು ಹುಲ್ಲಿದೆ, ರಾವಣನ ಮೀಸೆ ಅನ್ನುತ್ತಾರೆ. ಅದನ್ನು ಬೆಳೆಸುವುದೇ ಅವನ ಉದ್ಯೋಗವಾದ್ದರಿಂದ ಹುಲ್ಲಿನ ಮೀಸೆ ಮಾವನಿಗೆ ಅಂಟಿಕೊಂಡಿತು. ಅಂಗಡಿಯವನ ಹೆಸರನ್ನು ಅಂಗಡಿಯ ಸರಕು ನುಂಗುವುದು ಲೋಕದಲ್ಲಿ ಹೊಸದೇನಲ್ಲ.

ದಡದಿಂದ ದೋಣಿಯಲ್ಲಿ ಹೋದರೆ ಎಲೆಯಡಿಕೆ ಅಗಿದು ಮುಗಿಸುವಷ್ಟು ದೂರದಲ್ಲಿ ನಡುಗಡ್ಡೆ. ಹೆಸರಿಗೆ ನಡುಗಡ್ಡೆ, ನೋಡಿದರೆ ಮರಳಿನ ಒಂದು ದಿಬ್ಬ. ಬಿಳಿಯ ಕಡಲಹಕ್ಕಿಗಳು ವರ್ಷಕ್ಕೊಮ್ಮೆ ಬಂದು ಅದರ ನೆತ್ತಿಯ ಮೇಲೆ ಮೊಟ್ಟೆ ಇಡುತ್ತಿದ್ದವು. ದಿಬ್ಬ ನೀರಿಗಿಂತ ಮೇಲಿದ್ದರೆ ಮರಿ, ಇಲ್ಲದಿದ್ದರೆ ಮೀನಿಗೆ ಊಟ. ಇಷ್ಟೇ ಅವುಗಳ ಲೆಕ್ಕಾಚಾರ. ದಿಬ್ಬವನ್ನು ನೀರಿನ ಮೇಲೆ ಹಿಡಿದಿಡಲು ಇಲಾಖೆ, ಇಲಾಖೆಗೊಂದು ನರ್ಸರಿ, ನರ್ಸರಿಗೆ ಮೀಸೆಮಾವ.

ಮೊದಲು ಇದ್ದ ದೊಡ್ಡ ಸಾಹೇಬರೊಬ್ಬರು ಗಾಳಿ ತಡೆಯಲೆಂದು ದಿಬ್ಬದ ತುಂಬ ಗಾಳಿಮರ ನೆಡಿಸಿದ್ದರು. ಮರ ಸೊಗಸಾಗಿ ಬೆಳೆಯಿತು. ಉದುರಿದ ಸೂಜಿಯೆಲೆ ಕಂಬಳಿಯಂತೆ ಹಾಸಿಕೊಂಡು, ಅದರಡಿಯಲ್ಲಿ ಅಲ್ಲಿನದೇ ಗಿಡ ಒಂದೂ ತಲೆ ಎತ್ತಲಿಲ್ಲ. ಆಮೇಲೊಂದು ಬಿರುಗಾಳಿ ಬಂತು. ಹೆಸರೇ ಗಾಳಿಮರ; ಗಾಳಿಗೇ ಮಗುಚಿಕೊಂಡಿತು. ಬೇರಿನ ಜೊತೆ ಗಾಡಿಗಟ್ಟಲೆ ಮರಳನ್ನೂ ಎತ್ತಿಕೊಂಡು ಹೋಯಿತು. ಆವತ್ತಿನಿಂದ ಇಲಾಖೆಗೆ ಬುದ್ಧಿ ಬಂತು: ನಡುಗಡ್ಡೆಯದೇ ಗಿಡ ನಡುಗಡ್ಡೆಗೆ, ಹೊರಗಿನದು ಒಂದು ಎಲೆಯೂ ಬೇಡ.

ಹೊಸದರಲ್ಲಿ ಅಗಸ ಎತ್ತಿ ಎತ್ತಿ ಒಗೆದ ಅನ್ನುತ್ತಾರೆ. ಮೀಸೆಮಾವ ಕೊನೆಯವರೆಗೂ ಹಾಗೇ ಒಗೆದ. ದೋಣಿಕಟ್ಟೆಯಲ್ಲಿ ಅವನೇ ಕೆಂಪು ಬಣ್ಣದಲ್ಲಿ ಒಂದು ಹಲಗೆ ಬರೆದು ನಿಲ್ಲಿಸಿದ. ದೋಣಿ ಹತ್ತುವ ಮೊದಲು ಜೇಬು ಹೊರಗೆಳೆದು ಕೊಡವಬೇಕು, ಸೆರಗು ಝಾಡಿಸಬೇಕು, ತಲೆ ಬಾಚಬೇಕು. ಹೊರಗಿನ ಮಣ್ಣು ಹಿಡಿಯಷ್ಟೂ ದಾಟುವಂತಿಲ್ಲ, ಹೊರಗಿನ ಬೀಜ ಕಾಳಷ್ಟೂ ದಾಟುವಂತಿಲ್ಲ. ಅಟ್ಟೆಯ ಸಂದಿನಲ್ಲಿ ಕಳೆಬೀಜ ಕೂತು ಬರುತ್ತದೆಂದು ಚಪ್ಪಲಿಯನ್ನೂ ಕಟ್ಟೆಯ ಮೇಲೆಯೇ ಬಿಡಬೇಕು.

ದೋಣಿ ನಡೆಸುವವನು ಮಾವನ ಹೆಂಡತಿಯ ತಮ್ಮ. ಬಾಯಿಗೆ ಬೀಗ ಇಲ್ಲದ ಆಸಾಮಿ.

"ಆಪರೇಷನ್ ಮಾಡೋ ಡಾಕ್ಟರಿಗೂ ಇಷ್ಟು ಮಡಿ ಇಲ್ಲ ಭಾವ," ಎನ್ನುತ್ತಿದ್ದ. "ನಾಳೆ ಹಕ್ಕಿಗಳಿಗೂ ಕಾಲು ತೊಳ್ಕೊಂಡು ಇಳೀರಿ ಅಂತೀರೇನೋ."

"ಹಕ್ಕಿಗೆ ಹೇಳಿದ್ರೆ ಅರ್ಥ ಆಗತ್ತೆ. ನಿನಗೆ ಆಗಲ್ಲ. ಜೇಬು ತೋರಿಸು."

ಹೀಗೆ ಬರಿಗಾಲಲ್ಲಿ ಕೆಲಸ ಮಾಡುವ ಹೆಂಗಸರ ಗುಂಪಿನಲ್ಲಿ ಮಾವನ ಹೆಂಡತಿಯೂ ಇದ್ದಳು. ಎಲ್ಲರಿಗೂ ಅವಳು ಅತ್ತೆ. ರಾವಣನ ಮೀಸೆಯ ಒಂದು ಗುಣವೆಂದರೆ, ಕಾಲ ಬಂದಾಗ ಅದು ಮಗುವಿನ ತಲೆಯಷ್ಟು ದೊಡ್ಡ ಮುಳ್ಳಿನ ಉಂಡೆ ಬಿಡುತ್ತದೆ. ಉಂಡೆ ಒಣಗಿ ಕಳಚಿ, ಗಾಳಿಗೆ ಮರಳ ಮೇಲೆ ಉರುಳಿಕೊಂಡು ಹೋಗುತ್ತದೆ. ನೋಡಲು ಚಂದ, ತುಳಿದವರಿಗೆ ಗೊತ್ತು. ಒಂದು ಸಲ ಅತ್ತೆಯ ಹಿಮ್ಮಡಿಗೆ ಮುಳ್ಳು ಹೊಕ್ಕು ಮುರಿಯಿತು. ಕಾಲು ಊದಿತು, ಕೀವಾಯಿತು, ಡಾಕ್ಟರು ಕೊಯ್ದರು. ಗಾಯ ಮಾದರೂ ನಡಿಗೆಯಲ್ಲಿ ಒಂದು ಕುಂಟು ಉಳಿಯಿತು.

ಗುಂಪಿನ ಹೆಂಗಸರು, "ಅತ್ತೆಗಾದ್ರೂ ಚಪ್ಪಲಿ ಹಾಕ್ಕೊಳ್ಳೋಕೆ ಬಿಡಿ ಮಾವ" ಎಂದರು.

"ನಿಯಮ ಅಂದ್ಮೇಲೆ ಮನೆಯವರಿಂದಲೇ ಶುರುವಾಗಬೇಕು," ಎಂದ ಮಾವ.

ಅತ್ತೆ ಆ ರಾತ್ರಿ ಸಾರಿಗೆ ಉಪ್ಪು ಹಾಕಲಿಲ್ಲ, ಅಷ್ಟೆ.

ಮಾವ ಕಲ್ಲೆದೆಯವನಲ್ಲ. ಹೆಂಡತಿ ಕುಂಟುವಾಗ ಬೇರೆ ಕಡೆ ನೋಡುತ್ತಿದ್ದ. ಕಲ್ಲೆದೆಯವನಾಗಿದ್ದರೆ ನೋಡುತ್ತಲೇ ಇರುತ್ತಿದ್ದ. ನಿಯಮ ಬಗ್ಗಿಸಲಾಗದವನು ಹುಲ್ಲನ್ನೇ ಬಗ್ಗಿಸಲು ಹೊರಟ. ದಿಬ್ಬದ ಮೂಡಣ ಇಳಿಜಾರಿನಲ್ಲಿ ಉಂಡೆ ಬಿಡದ ಕೆಲವು ಬುಡಗಳು ಅವನ ಕಣ್ಣಿಗೆ ಬಿದ್ದವು. ಒಂದಷ್ಟು ತೆಳ್ಳನೆಯ ಹೂಗೊಂಚಲು ಬಿಟ್ಟು ಸುಮ್ಮನಾಗುತ್ತಿದ್ದವು. ಅವುಗಳಲ್ಲಿ ಎಲ್ಲಕ್ಕಿಂತ ಸೊಂಪಾದ ಒಂದೇ ಬುಡ ಆರಿಸಿ ಕಾಂಡ ತುಂಡುಮಾಡಿ ನರ್ಸರಿಯಲ್ಲಿ ಊರಿದ. ಊರಿದ್ದೆಲ್ಲ ಬೇರು ಬಿಟ್ಟಿತು. ಮಾವ ಅದಕ್ಕೆ 'ಸಾಧು ಜಾತಿ' ಎಂದು ಹೆಸರಿಟ್ಟ. ಮುಳ್ಳುಂಡೆ ಬಿಡುವುದು 'ಪುಂಡ ಜಾತಿ' ಆಯಿತು. ವರ್ಷ ವರ್ಷ ಸಾಧುವನ್ನು ನೆಟ್ಟ, ಪುಂಡನನ್ನು ಬೇರುಸಹಿತ ಕೀಳಿಸಿದ. ಒಂದು ತುಂಡು ಬೇರು ಉಳಿದರೂ ಮತ್ತೆ ಚಿಗುರುತ್ತದೆಂದು ಕೈಹಾಕಿ ಬಗೆದು ತೋರಿಸುತ್ತಿದ್ದ. ಕೆಲವು ವರ್ಷಗಳಲ್ಲಿ ದಿಬ್ಬದ ಮೇಲೆ ಮಕ್ಕಳು ಓಡಾಡಬಹುದಿತ್ತು.

ದಿಬ್ಬ ಹಸಿರಾಯಿತು. ಸಾಹೇಬರು ಬಂದು ಫೋಟೋ ತೆಗೆಸಿಕೊಂಡರು. ಮಾವನಿಗೆ ಒಂದು ಗೋಡೆ ಗಡಿಯಾರ ಕೊಟ್ಟರು. ಬೇರೆ ಯಾರಿಗೂ ಹೊಳೆಯದ್ದು ತನಗೆ ಹೊಳೆಯಿತೆಂಬ ಹೆಮ್ಮೆ ಮಾವನಿಗೆ ಇತ್ತು, ಇರಲಿ. ಆದರೆ ಅವನಿಗೆ ಬೇಕಾದದ್ದು ಗಡಿಯಾರವಲ್ಲ. ನಿವೃತ್ತಿ ಹತ್ತಿರ ಬಂದಂತೆ ಒಂದೇ ಮಾತು ಹೇಳುತ್ತಿದ್ದ: "ನಾನು ಹೋದ ಮೇಲೆ ಇದಕ್ಕೆ ಯಾರೂ ನೀರು ಹೊಯ್ಯಬಾರದು, ಯಾರೂ ತುಂಡು ಊರಬಾರದು. ದಿಬ್ಬ ತನ್ನ ಕಾಲ ಮೇಲೆ ತಾನು ನಿಲ್ಲಬೇಕು. ಅದನ್ನೊಂದು ನೋಡಿ ಹೋದ್ರೆ ಸಾಕು." ಮಕ್ಕಳಿಲ್ಲದ ಮನೆ. ಮಾತಿನ ತೂಕ ಕೇಳಿದವರಿಗೆ ತಿಳಿಯುತ್ತಿತ್ತು.

ನಿಲ್ಲುವ ಬದಲು ಅದು ಹಳದಿಗೆ ತಿರುಗಿತು. ಒಂದು ಮೂಲೆಯಲ್ಲಿ ಕಾಂಡ ಕೊಳೆಯಲು ಶುರುವಾಗಿ, ಸೋರುವ ಮಾಳಿಗೆಯ ತೇವದಂತೆ ಹರಡಿತು. ಮಾವ ಸತ್ತದ್ದನ್ನು ಕಿತ್ತು ಹೊಸ ತುಂಡು ಊರಿದ. ಹೊಸದಕ್ಕೂ ಅದೇ ರೋಗ. ಆಗ ಇಲಾಖೆ ಸಸ್ಯಶಾಸ್ತ್ರ ಓದಿದ ಒಬ್ಬ ಹೆಂಗಸನ್ನು ಕಳಿಸಿತು. ಎಲ್ಲರೂ ಅವರನ್ನು ಗಿಡದ ಮೇಡಂ ಎಂದರು. ಮೇಡಂ ಕಟ್ಟೆಯಲ್ಲಿ ಯಾರೂ ಹೇಳುವ ಮೊದಲೇ ಚಪ್ಪಲಿ ಬಿಟ್ಟು ಜೇಬು ಕೊಡವಿದರು. ಮಾವನಿಗೆ ಅಲ್ಲೇ ಮೆಚ್ಚುಗೆಯಾಯಿತು.

ಮೇಡಂ ದಿಬ್ಬವನ್ನೆಲ್ಲ ಸುತ್ತಿದರು. ಬಗ್ಗಿ ಬಗ್ಗಿ ನೋಡಿದರು. ಕೊನೆಗೆ ಕೇಳಿದರು, "ಇದಕ್ಕೆ ಉಂಡೆ ಬಿಡೋದು ಯಾವ ತಿಂಗಳು?"

"ಬಿಡಲ್ಲ ಮೇಡಂ. ಅದೇ ಇದರ ಹೆಚ್ಚುಗಾರಿಕೆ. ಸಾಧು ಜಾತಿ. ಆರಿಸಿದ ಒಂದೇ ಬುಡದಿಂದ ಇಷ್ಟೂ ಮಾಡಿದ್ದು ನಾನು."

"ಇಡೀ ದಿಬ್ಬದಲ್ಲಿ ಎಲ್ಲೂ ಇಲ್ವಾ?"

"ಒಂದು ಹುಡುಕಿ ಕೊಡಿ, ಕೆಲಸ ಬಿಡ್ತೀನಿ."

ಮೇಡಂ ಮರಳಲ್ಲೇ ಕೂತರು. ಅವರ ಮುಖ ನೋಡಿ ಮಾವನೂ ಕೂತ.

"ಮಾವ," ಎಂದರು. ಎಲ್ಲರೂ ಕರೆಯುವುದನ್ನು ಕೇಳಿ ಅವರಿಗೂ ಅದೇ ಬಂದಿತ್ತು. "ಪರಂಗಿ ಗಿಡದಲ್ಲಿ ಗಂಡು ಬೇರೆ, ಹೆಣ್ಣು ಬೇರೆ ಇರಲ್ವಾ? ಈ ಹುಲ್ಲೂ ಹಾಗೇ. ಉಂಡೆ ಬಿಡೋದು ಹೆಣ್ಣು. ಅದರಲ್ಲೇ ಬೀಜ. ನೀವು ಸಾಧು ಅಂತ ಬೆಳೆಸಿದ್ದು ಗಂಡು. ಅದೂ ಎಲ್ಲಾ ಒಂದೇ ಬುಡದ್ದು. ಒಂದೇ ಮೈ ಅದು. ಒಂದಕ್ಕೆ ಬಂದ ರೋಗ ಎಲ್ಲಕ್ಕೂ ಬರತ್ತೆ. ಬೀಜ ಇಲ್ಲ, ಹಾಗಾಗಿ ಸತ್ತ ಜಾಗದಲ್ಲಿ ತಾನಾಗಿ ಏನೂ ಹುಟ್ಟಲ್ಲ."

ಮಾವನ ಹಿತ್ತಲಲ್ಲಿ ಪರಂಗಿ ಇತ್ತು. ಗಂಡು ಗಿಡ ಬಂದರೆ ಹಣ್ಣಿಲ್ಲವೆಂದು ಕಿತ್ತೆಸೆಯುವವನು ಅವನೇ. ಹಿತ್ತಲಲ್ಲಿದ್ದ ಬುದ್ಧಿ ಕಡಲು ದಾಟಲಿಲ್ಲ. ಬಹುಶಃ ಅದನ್ನೂ ಕಟ್ಟೆಯಲ್ಲೇ ಕೊಡವಿ ಬಂದಿದ್ದ.

ವಾಪಸು ಬರುವಾಗ ಭಾವಮೈದ ಹುಟ್ಟು ಹಾಕುತ್ತ ಎಲ್ಲ ಕೇಳಿಸಿಕೊಂಡ. ಅವನಿಗೆ ತಡೆಯಲಾಗಲಿಲ್ಲ.

"ಅಂದ್ರೆ ಭಾವ, ನೀವು ಇಷ್ಟು ವರ್ಷ ಗಂಡುಮಕ್ಕಳ ಹಾಸ್ಟೆಲ್ ನಡೆಸಿದ್ರಿ! ವಾರ್ಡನ್ ಬೇರೆ ಇಷ್ಟು ಸ್ಟ್ರಿಕ್ಟು!"

ಮೇಡಂ ತುಟಿ ಕಚ್ಚಿಕೊಂಡು ನೀರು ನೋಡಿದರು. ಮಾವ ನಗಲಿಲ್ಲ, ಬಯ್ಯಲೂ ಇಲ್ಲ. ಬಯ್ಯದ್ದು ನೋಡಿ ಭಾವಮೈದನಿಗೇ ಭಯವಾಯಿತು.

ಮನೆಯಲ್ಲಿ ಅತ್ತೆ ಒಲೆಯ ಮುಂದಿದ್ದಳು. ಮಾವ ಬಾಗಿಲಲ್ಲೇ ನಿಂತು ಹೇಳಿದ. ಗಂಡು, ಹೆಣ್ಣು, ಬೀಜ, ಎಲ್ಲ. ಕೊನೆಗೆ, "ನಿನ್ನ ಕಾಲಿಗೋಸ್ಕರ ಮಾಡಿದ್ದು ಕಣೇ" ಎಂದ. ಇಷ್ಟು ವರ್ಷ ಹೇಳಿರಲಿಲ್ಲ. ಹೇಳಲು ಒಳ್ಳೆಯ ದಿನ ಆರಿಸಿಕೊಂಡ.

ಅತ್ತೆ ಸೌಟು ಕೆಳಗಿಟ್ಟಳು. "ನಾನು ಕೇಳಿದ್ನಾ?"

"ಕೇಳಲಿಲ್ಲ, ಆದ್ರೆ..."

"ಒಂದು ಜೊತೆ ಚಪ್ಪಲಿ ಹಾಕ್ಕೊಳ್ಳೋಕೆ ಬಿಟ್ಟಿದ್ರೆ ಆಗ್ತಿತ್ತು. ಅಟ್ಟೆ ತೊಳೆದು ಒರೆಸಿ ಹಾಕ್ಕೊಳ್ತಿದ್ದೆ. ಅಷ್ಟಕ್ಕೆ ಒಂದು ಕುಲಾನೇ ಕಿತ್ತು ಹಾಕಿದ್ರಾ? ಹೋಗಿ, ಊಟಕ್ಕೆ ಏಳೋವರೆಗೂ ನನ್ನ ಹೆಸರು ಎತ್ತಬೇಡಿ. ನನ್ನ ಕಾಲಿನ ಹೆಸರಂತೂ ಬೇಡವೇ ಬೇಡ."

ಮರುದಿನದಿಂದ ಮಾವ ನಡುಗಡ್ಡೆಯಲ್ಲಿ ಮಂಡಿಯೂರಿ ಹುಡುಕಿದ. ಎಲ್ಲೋ ಒಂದು ಪುಂಡ ತಪ್ಪಿಸಿಕೊಂಡಿರಬಹುದು. ಒಂದು ಬೇರು, ಮರಳಡಿಯ ಒಂದು ಹಳೆಯ ಉಂಡೆಯ ಚೂರು. ಏನೂ ಸಿಗಲಿಲ್ಲ. ಕೆಲಸಗಳ್ಳನಾಗಿದ್ದರೆ ಏನಾದರೂ ಉಳಿದಿರುತ್ತಿತ್ತು. ಎದುರಿನ ದಡಕ್ಕೆ ಕಲ್ಲಿನ ತಡೆಗೋಡೆ ಕಟ್ಟಿ ಅಲ್ಲಿಯ ಹುಲ್ಲು ಎಂದೋ ಹೋಗಿತ್ತು. ಹೆಣ್ಣು ಹುಲ್ಲು ಇದ್ದದ್ದು ಒಂದು ಹಗಲಿನ ದಾರಿಯಾಚೆಯ ದಂಡೆಯಲ್ಲಿ.

ಸಾಹೇಬರ ಮುಂದೆ ನಿಂತ. ಹೊರಗಿನಿಂದ ಉಂಡೆ ತರಿಸಬೇಕು ಎಂದ.

ಸಾಹೇಬರು ಕೆಟ್ಟವರಲ್ಲ. ಕನ್ನಡಕ ಒರೆಸಿಕೊಂಡರು. "ಹೊರಗಿನ ಬೀಜ ಕಾಳಷ್ಟೂ ದಾಟಬಾರದು ಅಂತ ಕಟ್ಟೆಯಲ್ಲಿ ಬರೆದವರು ಯಾರು?"

"ನಾನೇ ಸಾರ್."

"ಅದನ್ನೇ ಮೇಲಿನವರು ಹತ್ತು ಊರಿಗೆ ನಿಯಮ ಮಾಡಿದ್ದಾರೆ. ಈಗ ನಾನು ಅದನ್ನ ಮುರಿಯೋಕೆ ಆಗತ್ತಾ? ಮೇಡಂ ಹತ್ರ ಬರೆಸಿ ಕಳಿಸ್ತೀನಿ. ಅನುಮತಿ ಬರಲಿ."

ಮೇಡಂ ಅವತ್ತೇ ಬರೆದರು. ಆಮೇಲೆ ಮತ್ತೆ ಮತ್ತೆ ಬರೆದರು. ಕಾಗದ ಮೇಲೆ ಹೋಯಿತು. ಮೇಲೆ ಹೋದದ್ದು ಇಳಿಯಲು ಅದಕ್ಕೇನು ತೂಕವಿದೆಯೇ.

ಭಾವಮೈದ ಒಂದು ಮಧ್ಯಾಹ್ನ ನರ್ಸರಿಗೆ ಬಂದು, ಮೊದಲ ಸಲ ತಮಾಷೆ ಇಲ್ಲದೆ ಮಾತಾಡಿದ. "ಭಾವ, ನನ್ನ ದೋಣಿ, ನನ್ನ ತೋಳು. ಹೋಗಿ ನಾಲ್ಕು ಚೀಲ ಉಂಡೆ ತಂದು ದಿಬ್ಬದ ಮೇಲೆ ಸುರಿದು ಬರ್ತೀನಿ. ಗಾಳಿ ತಂತು ಅಂತೀವಿ. ಯಾರು ಕೇಳ್ತಾರೆ?"

ಮಾವ ಕೈಯ ಮರಳನ್ನು ಉಜ್ಜಿ ಕೊಡವಿದ. ಆಸೆಯಿತ್ತು. "ಬೇಡ," ಎಂದ. "ಚೀಲದಲ್ಲಿ ಇನ್ನೇನು ಕಳೆ ಬರತ್ತೋ. ಅನುಮತಿ ಬರಲಿ."

"ಅಕ್ಕನ ಕಾಲಿಗೇ ಬಗ್ಗದ ನಿಯಮ. ನನ್ನ ಮಾತಿಗೆ ಬಗ್ಗತ್ತಾ," ಎಂದು ಅವನು ಎದ್ದು ಹೋದ.

ಮಳೆಗಾಲದ ಕಡಲು ಅನುಮತಿ ಕೇಳಲಿಲ್ಲ. ಹುಲ್ಲು ಸತ್ತ ಕಡೆ ಮರಳು ಸಡಿಲವಾಗಿತ್ತು. ಅಲೆ ಮೊದಲು ಒಂದು ಬಾಯಿ ಕೊರೆಯಿತು, ಆಮೇಲೆ ಊಟ ಶುರುಮಾಡಿತು. ಮಳೆ ನಿಂತು ದೋಣಿ ಇಳಿಸಿ ಹೋಗಿ ನೋಡಿದರೆ ದಿಬ್ಬವಿದ್ದ ಜಾಗದಲ್ಲಿ ಹಂಚಿನಂತೆ ಚಪ್ಪಟೆಯಾದ ಮರಳು. ಕಡಲುಕ್ಕಿ ಭರತ ಬಂದಾಗ ಅದರ ಮೇಲೂ ನೀರು. ಹಕ್ಕಿಗಳು ತಮ್ಮ ಕಾಲಕ್ಕೆ ಸರಿಯಾಗಿ ಬಂದವು. ಕೂಗುತ್ತ ಸುತ್ತಿದವು. ಕೆಲವು ಇಳಿದು ಮೊಟ್ಟೆಯನ್ನೂ ಇಟ್ಟವು. ಮುಂದಿನ ಭರತಕ್ಕೆ ಮೊಟ್ಟೆಗಳು ತೇಲಿದವು. ಮಾವ ಮೊಣಕಾಲುದ್ದ ನೀರಲ್ಲಿ ನಿಂತು ನೋಡಿದ. ದೋಣಿಯಿಂದ ಭಾವಮೈದ, "ಬನ್ನಿ ಭಾವ, ನಿಂತು ಏನು ಮಾಡ್ತೀರಿ" ಎಂದು ಮೆಲ್ಲಗೆ ಕರೆದ.

ಅನುಮತಿ ಆಮೇಲೆ ಬಂತು. ಜೊತೆಗೆ ಮೇಡಂ ಆರಿಸಿ, ಕಳೆ ತೆಗೆದು, ಜೋಪಾನವಾಗಿ ಕಟ್ಟಿಸಿದ ಉಂಡೆಗಳ ಚೀಲಗಳೂ ಬಂದವು. ಸಾಹೇಬರು ಚೀಲ ನೋಡಿ ನಿಟ್ಟುಸಿರುಬಿಟ್ಟು, "ಬಂದಿದ್ದು ಬಂದಿದೆ, ಎಲ್ಲಾದರೂ ಇಡಿ" ಎಂದರು. ಮಾವ ಅವುಗಳನ್ನು ನರ್ಸರಿಯ ಹಿಂದೆ, ಬೇಲಿಗೂ ತಡೆಗೋಡೆಗೂ ನಡುವಿನ ಮರಳ ಪಟ್ಟಿಯಲ್ಲಿ ಸುರಿದ. ನೀರು ಹೊಯ್ಯಲಿಲ್ಲ. ಅದೇ ತಿಂಗಳು ನಿವೃತ್ತನಾದ.

ಹುಲ್ಲು ತಾನಾಗಿ ಹುಟ್ಟಿತು. ಹೆಣ್ಣೂ ಬಂತು, ಗಂಡೂ ಬಂತು. ಕಾಲ ಕಳೆದು ಉಂಡೆ ಬಿಟ್ಟಿತು. ಉಂಡೆ ಉರುಳಿ ಇನ್ನಷ್ಟು ಹುಟ್ಟಿತು. ಕಾಪಾಡಲು ಅಲ್ಲಿ ಹಕ್ಕಿಯಿಲ್ಲ, ದಿಬ್ಬವಿಲ್ಲ. ಸಂಜೆ ಗಾಳಿ ಸೇವನೆಗೆ ಬರುವ ಜನರ ಕಾಲುದಾರಿ ಮಾತ್ರ ಇತ್ತು. ಮಾವ ದಿನಾ ಹೋಗಿ ಬೇಲಿ ಹಿಡಿದು ನಿಲ್ಲುತ್ತಿದ್ದ. ಮುಳ್ಳು ಚುಚ್ಚಿದವರು, "ಯಾವ ಪಾಪಿ ಬೆಳೆಸಿದ್ನೋ" ಎಂದು ಬಯ್ದರೆ, "ನಾನೇ" ಎನ್ನುತ್ತಿದ್ದ. ಅವರು ಮುದುಕನಿಗೆ ಅರಳುಮರಳು ಎಂದುಕೊಂಡು ದಾಟುತ್ತಿದ್ದರು.

ಒಂದು ದಿನ ನರ್ಸರಿಯಲ್ಲಿ ಮಾವನ ಜಾಗಕ್ಕೆ ಬಂದ ಆಳು ಗುದ್ದಲಿ ಹಿಡಿದು ಅಲ್ಲಿಗೆ ಬಂದ. ಮಾವನ ಕೈಕೆಳಗೇ ಕಲಿತವನು.

"ಜನ ದೂರು ಕೊಟ್ಟಿದ್ದಾರೆ ಮಾವ. ಕೀಳಬೇಕಂತೆ."

"ಎಲ್ಲಾನಾ?"

"ಇಲ್ಲಪ್ಪ. ಮುಳ್ಳುಂಡೆ ಬಿಡೋದು ಮಾತ್ರ. ಉಳಿದಿದ್ದು ಹಸಿರಾಗಿ ಚೆನ್ನಾಗಿದೆ, ಇರಲಿ ಅಂದ್ರು ಸಾಹೇಬ್ರು."

"ಅದು ಹೆಣ್ಣು ಕಣಯ್ಯಾ. ಅದನ್ನ ಕೀಳಬಾರದು. ಅದಿದ್ರೇನೇ..."

"ಆಯ್ತು ಮಾವ, ಆಯ್ತು. ಬಿಸಿಲಲ್ಲಿ ನಿಂತಿದ್ದೀರಿ, ಒಳಗೆ ಹೋಗಿ ಕೂತ್ಕೊಳ್ಳಿ. ಅತ್ತೆ ಕಾಯ್ತಿರ್ತಾರೆ."

ಅವನು ಕೈಗೆ ಗೋಣಿ ಸುತ್ತಿಕೊಂಡು ಮೊದಲ ಬುಡಕ್ಕೆ ಬಗ್ಗಿದ. ಗುದ್ದಲಿಯಿಂದ ಸುತ್ತ ಬಿಡಿಸಿ, ಮೊಣಕೈವರೆಗೆ ಮರಳಿಗೆ ಕೈಹಾಕಿ, ಒಂದು ತುಂಡು ಬೇರೂ ಉಳಿಯದಂತೆ ಎಳೆದು ತೆಗೆದ. ಅಚ್ಚುಕಟ್ಟಾದ ಕೆಲಸ. ಕಲಿಸಿದವನು ಬೇಲಿ ಹಿಡಿದು ನೋಡುತ್ತ ನಿಂತಿದ್ದ.