ಅಪ್ಪನ ಗಿಲಾವಿನ ಸಿನಿಮಾ

ಅಂಧೇರಿಯ ಸ್ಟುಡಿಯೋಗಳಲ್ಲಿ ನಾನು ಲೈಟ್‌ಮ್ಯಾನ್. ಅಲ್ಲಿ ಸೀರಿಯಲ್ಲಿನ ಅಳು ಕೂಡ ಗಡಿಬಿಡಿಯಲ್ಲೇ ಮುಗಿಯುತ್ತದೆ. ಧಾರವಾಡದ ಕಡೆಯ ಒಬ್ಬ ಮೇಡಂ ಮಾತ್ರ ಬೇರೆ. ಅವರ ಸಿನಿಮಾದಲ್ಲಿ ಕಥೆ ಇಲ್ಲ, ಹಾಡಿಲ್ಲ. ಯಾರೋ ಕೆಲಸ ಮಾಡುತ್ತಾರೆ, ಅದು ಮುಗಿಯುವವರೆಗೆ ಕ್ಯಾಮೆರಾ ನಿಲ್ಲುವುದಿಲ್ಲ. ತಪ್ಪಾದರೆ ಆ ತಪ್ಪೂ ಸಿನಿಮಾನೇ. ಕಿಟಕಿಯ ಬೆಳಕು ಸಾಕು, ಲೈಟ್ ಹಾಕಬೇಡ ಎಂದು ಲೈಟ್‌ಮ್ಯಾನ್‌ಗೇ ಹೇಳಿದವರು. ತಲೆ ಕೆಟ್ಟವರು ಅಂದುಕೊಂಡಿದ್ದೆ.

ಅವರಿಗೆ ಗೋಡೆಗೆ ಗಿಲಾವು ಮಾಡುವ ಗೌಂಡಿ ಬೇಕಿತ್ತು. ಅಪ್ಪನ ಹೆಸರು ಹೇಳಿದೆ. ಅಪ್ಪ ವಿಜಯಪುರದಿಂದ ಬಂದು ಈ ಊರಿನ ಎಷ್ಟೋ ಬಿಲ್ಡಿಂಗ್‌ಗಳಿಗೆ ಗಿಲಾವು ಮಾಡಿದವನು. ಈಗ ಬಲಗೈ ನಡುಗುತ್ತದೆ. ಯಾವ ಮುಕಾದಮನೂ ಕೆಲಸಕ್ಕೆ ಕರೆಯುವುದಿಲ್ಲ. ಇನ್ನು ತನ್ನಿಂದ ಏನೂ ಆಗದು ಎಂದು ಅವನೇ ತೀರ್ಮಾನಿಸಿಬಿಟ್ಟಿದ್ದ.

ಶೂಟಿಂಗ್ ದಿನ ಭಾಂಡುಪ್‌ನ ಹಳೇ ಕಾರ್ಖಾನೆಯ ಶೆಡ್ಡಿಗೆ ಅಪ್ಪ ಮದುವೆಗೆ ಹಾಕುವ ಬಿಳಿ ಅಂಗಿ ತೊಟ್ಟು ಬಂದ.

“ಕಾಕಾ, ಕೆಲಸದ ಅಂಗಿ ಎಲ್ಲೈತ್ರಿ?” ಮೇಡಂ ಕೇಳಿದರು.

“ಸಿಮೆಂಟ್ ಮೆತ್ತಿದ ಅಂಗಿ ಹಾಕ್ಕೊಂಡು ಸಿನಿಮಾದಾಗ ಬರಾಕ ನನಗೇನ ಹುಚ್ಚ ಹಿಡದೈತೇನ್ರಿ ಅಕ್ಕಾರ?”

ಮೇಡಂ ನಕ್ಕು, ಇರಲಿ ಬಿಡ್ರಿ ಅಂದರು.

ಅಪ್ಪ ಕರಣಿಯಿಂದ ಸಿಮೆಂಟಿನ ಮಾಲು ಎಸೆದ. ಅರ್ಧ ಗೋಡೆಗೆ, ಅರ್ಧ ಅಂಗಿಗೆ. ಮಟ್ಟದ ಪಟ್ಟಿ ಎಳೆದು ನೋಡಿದರೆ ಗಿಲಾವು ಡೊಂಕು.

“ಕ್ಯಾಮೆರಾ ಬಂದ್ ಮಾಡ್ರಿ. ಮೊದಲಿಂದ ತಗೀರಿ.”

“ಬಂದ್ ಮಾಡಂಗಿಲ್ರಿ ಕಾಕಾ. ಬ್ಯಾಡಾದ್ರ ಕೆರದ ಹಾಕ್ರಿ. ಅದೂ ಬರ್ಲಿ.”

“ನನ್ನ ಮರ್ಯಾದಿ ತಗೀತೀರೇನು?”

“ಮನಿಗೆ ಹೋಗ್ತೀನಂದ್ರ ಹೋಗ್ರಿ, ನಾ ಏನೂ ತೋರ್ಸಂಗಿಲ್ಲ. ಗ್ವಾಡಿ ನಿಮ್ದು.”

ಅಪ್ಪ ನನ್ನತ್ತ ನೋಡಿದ. ಬಾಗಿಲ ತನಕ ಹೋದ, ತಿರುಗಿ ಬಂದ. ಹಸಿ ಗಿಲಾವನ್ನೆಲ್ಲ ಕೆರೆದು ಕೆಡವಿದ. ಬಕೆಟ್ ಬೋರಲು ಹಾಕಿ ಕೂತು, ಎಡಗೈಯಲ್ಲಿ ಬಲಗೈ ಮಣಿಕಟ್ಟು ಹಿಡಿದು, ಅಂಗೈಯಗಲದಷ್ಟು ಅಂಗೈಯಗಲದಷ್ಟು ಮೆತ್ತುತ್ತಾ ಹೋದ. ಕಿಟಕಿಯ ಬೆಳಕು ಕೆಂಪಾಯಿತು. ಯಾರೂ ಅವಸರ ಮಾಡಲಿಲ್ಲ. ಯಾವ ಮುಕಾದಮನೂ ಅಪ್ಪನಿಗೆ ಅಷ್ಟು ಹೊತ್ತು ಕೊಟ್ಟವನಲ್ಲ.

ಸಿನಿಮಾವನ್ನು ಅಂಧೇರಿಯ ಸಣ್ಣ ಹಾಲಿನಲ್ಲಿ ತೋರಿಸಿದರು. ನಡುಗುವ ಕೈ, ಕೆರೆದದ್ದು, ಬಾಗಿಲ ತನಕ ಹೋದದ್ದು, ಎಲ್ಲ ಇತ್ತು. ಕೆಲವರು ನಡುವೆಯೇ ಎದ್ದು ಹೋದರು. ಅಪ್ಪನ ಪಕ್ಕದಲ್ಲಿ ಕೂತವನು ಪರದೆ ತೋರಿಸಿ, “ಚಾಚಾ, ಯೇ ಆಪ್ ಹೈ ಕ್ಯಾ?” ಅಂದ.

“ಹಾಂ. ಚುಪ್ ಬೈಠೋ. ಅಭೀ ದೀವಾರ್ ಸೀದಾ ಹೋಗಾ.” ಸುಮ್ಮನೆ ಕೂತು ನೋಡು, ಈಗ ಗೋಡೆ ನೆಟ್ಟಗಾಗುತ್ತದೆ ಎಂದು ಅಪ್ಪ ಗದರಿದ.

ಆಮೇಲೆ ನಾವಿರುವ ಚಾಳಿನಲ್ಲಿ ಪಕ್ಕದ ಮನೆಯವರ ಒಡೆದ ಮೋರಿಯನ್ನು ಅಪ್ಪ ತಾನಾಗಿ ಕೇಳಿ ಮಾಡಿಕೊಟ್ಟ. ಬಹಳ ತಡವಾಯಿತು, ಮನೆಯಾಕೆ ಗೊಣಗಿದಳು. “ತಡಾ ಆಗತೈತಿ, ಆದ್ರ ಆಗತೈತಿ ಬಿಡವಾ,” ಅಂದ.

ಮೇಡಂ ಸಿನಿಮಾಗಳು ನನಗೆ ಪೂರ್ತಿ ತಿಳಿಯುವುದಿಲ್ಲ. ಆದರೆ ಅವರು ಕರೆದರೆ ಬೇರೆ ಕೆಲಸ ಬಿಟ್ಟು ಹೋಗುತ್ತೇನೆ.