ಮನೆ ಕುರಿಯ ಮೂಳೆ

ನಮ್ಮ ಭಾವನಿಗೆ ಎದುರಿಗೆ ಬಹುವಚನ, ಬೆನ್ನ ಹಿಂದೆ ಏಕವಚನ. ಅಕ್ಕನ ಗಂಡ ಅಂತ ಅಷ್ಟಾದರೂ ಮರ್ಯಾದೆ ಕೊಡ್ತೀನಿ, ಅದೇ ಹೆಚ್ಚು. ಪೇಟೆಬೀದಿಯಲ್ಲಿ ಅವನದು ಮಾಂಸದಂಗಡಿ. ಕಡಿಯೋದು ಅವನು, ತೂಗೋದು ಅವನ ಮನೆಯಲ್ಲೇ ಇರೋ ನಾದಿನಿ ನಾನು. ಕೈಯಲ್ಲಿ ಮಚ್ಚಿದ್ದಾಗ ಅವನಷ್ಟು ತಾಳ್ಮೆಯ ಮನುಷ್ಯ ಇನ್ನೊಬ್ಬನಿಲ್ಲ. ಮಚ್ಚು ಕೆಳಗಿಟ್ಟರೆ ಮೃಗ.

ಮನೆಯ ಹಿತ್ತಲಲ್ಲಿ ಬೋರ್ ಹಾಕಿಸಿ ಕೈಪಂಪು ಕೂರಿಸಿದ ವರ್ಷ ನೀರು ಪರೀಕ್ಷೆ ಮಾಡುವವನೊಬ್ಬ ಬಂದಿದ್ದ. "ಕೆಳಗಿನ ಬಂಡೆಯಲ್ಲಿ ಫ್ಲೋರೈಡ್ ಇದೆ ಸ್ವಾಮಿ, ನೀರಲ್ಲಿ ಕರಗಿ ಬರ್ತಿದೆ. ಬಟ್ಟೆ ಒಗೀರಿ, ಕುಡೀಬೇಡಿ. ಮೂಳೆಗೆ ಇಳಿಯುತ್ತೆ" ಅಂತ ಹೇಳಿ, ಕುಡಿಯಬಾರದು ಅನ್ನೋ ಗುರುತಿಗೆ ಪಂಪಿಗೆ ಕೆಂಪು ಬಣ್ಣ ಬಳಿದ. ಭಾವ ಒಂದು ಚೊಂಬು ಗಟಗಟ ಕುಡಿದು, "ಇಷ್ಟು ಸಿಹಿ ನೀರಿಗೆ ಹೆಸರಿಡ್ತೀಯೇನೋ!" ಅಂತ ಅವನ ಮುಖಕ್ಕೇ ಗುದ್ದಿದ. ಬಡಪಾಯಿ ಒಂದು ಹಲ್ಲು ಉಗುಳಿ ಓಡಿದ. ಸಂಜೆಯೊಳಗೆ ಪಂಪಿಗೆ ನೀಲಿ ಬಣ್ಣ ಬಿತ್ತು.

ಭಾವನೂ ನಾನೂ ಇಡೀ ದಿನ ಕುಡಿಯೋದು ಅಂಗಡಿಯ ನಲ್ಲಿ ನೀರು. ಅದು ಹೊಳೆಯಿಂದ ಬರೋದು. ಅಕ್ಕ ಮನೆಯದನ್ನೇ ಕುಡಿದಳು, ಒಂಬತ್ತು ವರ್ಷ. ಮೊದಲು ಮಂಡಿ ಹಿಡಿಯಿತು, ಆಮೇಲೆ ಸೊಂಟ, ಆಮೇಲೆ ಕತ್ತು. ಬಗ್ಗಿದವಳು ಏಳೋಕಾಗದೆ ಒದ್ದಾಡೋಳು. "ಮೈಗಳ್ಳಿ!" ಅಂತ ಭಾವ ಒದೆಯೋನು. ಒಂದು ಸಲ ಊಟ ತಡವಾಯಿತು ಅಂತ ಅವಳ ತಲೆಯನ್ನು ಗೋಡೆಗೆ ಚಚ್ಚಿದ. ಅಡ್ಡ ಹೋದ ನನ್ನ ತುಟಿಯೂ ಸೀಳಿತು. ಅವನ ಕೈ ಸೇದಿಹೋಗ ಅಂತ ಬೀದಿಗೆಲ್ಲ ಕೇಳೋ ಹಾಗೆ ಶಪಿಸಿದೆ. ಆದರೆ ಆ ನೀರಿನ ಮಾತು ನನಗೂ ಮರೆತೇ ಹೋಗಿತ್ತು, ಛೇ.

ಹೋದ ವರ್ಷ ಭಾವ ಮನೆಯಲ್ಲೇ ಸಾಕಿದ್ದ ಮುದಿ ಕುರಿಯನ್ನು ಅಂಗಡಿಗೆ ತಂದ. ಅದು ಕುಡಿದದ್ದೂ ಅದೇ ಪಂಪಿನ ನೀರು, ಕುಂಟುತ್ತಲೇ ಬಂತು. ಕೊಯ್ದು, ಸುಲಿದು, ತೊಡೆಗೆ ಒಂದೇಟು ಹಾಕಿದ. ಮೂಳೆ ಸೀಮೆಸುಣ್ಣದ ಹಾಗೆ ಪುಡಿಯಾಗಿ ನನ್ನ ಮುಖಕ್ಕೆ ಸಿಡಿಯಿತು. ಬೆನ್ನುಮೂಳೆ ತುಂಬ ಗಂಟು, ಕೀಲುಗಳೆಲ್ಲ ಒಂದಕ್ಕೊಂದು ಬೆಸೆದುಕೊಂಡಿದ್ದವು. ಇಪ್ಪತ್ತು ವರ್ಷ ಮೂಳೆ ಕಡಿದವನು ಆ ಗಂಟುಗಳನ್ನು ಒಂದೊಂದಾಗಿ ಬೆರಳಿಂದ ಸವರಿದ.

"ಇಂಥದೇ ಗಂಟು ನಿಮ್ಮಕ್ಕನ ಬೆನ್ನಲ್ಲೂ ಇದೆ ಕಣೇ."

"ನಿಮಗೆ ಹೇಗೆ ಗೊತ್ತು?"

"ಒದ್ದಾಗ ಕಾಲಿಗೆ ತಾಗುತ್ತೆ."

ಥೂ! ಕೈಗೆ ಸಿಕ್ಕ ತೂಕದ ಕಲ್ಲನ್ನೇ ಎಸೆದೆ. ಹಣೆ ಒಡೆದು ರಕ್ತ ಇಳಿಯಿತು. "ಕೆಂಪು ಬಣ್ಣ ಬಳಿದವನು ಏನಂದಿದ್ದ, ನೆನಪಿದೆಯಾ?" ಅಂತ ಕಿರುಚಿದೆ. ಅವನು ಒರೆಸಿಕೊಳ್ಳಲೂ ಇಲ್ಲ, ಮಚ್ಚು ಹಿಡಿದೇ ಮನೆಗೆ ಓಡಿದ. ಅವನ ಹಿಂದೆ ನಾನು.

ಹಿತ್ತಲಲ್ಲಿ ಅಕ್ಕ ಪಂಪು ಹೊಡೆಯುತ್ತಿದ್ದಳು. ಅವನ ಮುಖದ ರಕ್ತ, ಕೈಯ ಮಚ್ಚು ನೋಡಿ, "ಆಯ್ತು, ಆಯ್ತು, ಅಡುಗೆ ಈಗಲೇ ಆಗುತ್ತೆ, ಹೊಡೀಬೇಡಿ!" ಅಂತ ಕೂಗಿದಳು. ತಲೆ ಮುಚ್ಚಿಕೊಳ್ಳೋಕೆ ಕೈ ಎತ್ತಿದಳು. ಎರಡೂ ಕೈ ಭುಜದ ಮಟ್ಟಕ್ಕೇ ನಿಂತುಬಿಟ್ಟವು. ಭಾವ ಅವಳನ್ನು ಪಕ್ಕಕ್ಕೆ ಸರಿಸಿ ಪಂಪನ್ನು ಕಡಿದ, ಮಚ್ಚು ಮುರಿಯೋವರೆಗೂ ಕಡಿದ.

"ನೀರು ಬದಲಿಸಿ, ನೋವು ಕಡಿಮೆಯಾಗಬಹುದು. ಬೆಸೆದಿರೋ ಕೀಲು ಬಿಡಿಸೋಕಾಗಲ್ಲ" ಅಂದರು ಡಾಕ್ಟರು. ಈಗ ಭಾವನೇ ಅಂಗಡಿಯಿಂದ ನೀರು ಹೊತ್ತು ತರ್ತಾನೆ. ಅಕ್ಕನ ಕೈ ತಲೆಗೆ ಹೋಗಲ್ಲ. ಜಡೆ ನಾನು ಹಾಕ್ತೀನಿ ಅಂದರೂ ಭಾವ ಬಿಡಲ್ಲ, ತಾನೇ ಹಾಕಬೇಕಂತೆ. ಬಾಚಣಿಗೆ ಹಿಡಿದು ಅವನು ಕೈ ಎತ್ತಿದರೆ ಸಾಕು, ಅಕ್ಕ ಇವತ್ತಿಗೂ ಕಣ್ಣು ಬಿಗಿಯಾಗಿ ಮುಚ್ಚಿಕೊಳ್ಳುತ್ತಾಳೆ.